ಶಾಸ್ತ್ರದಲ್ಲಿ ಹೆಸರಿಲ್ಲದ ಗಿಡ

ಋಷಿಗಳ ಬಾಯಲ್ಲಿ ಹೆಸರು ಪಡೆಯದ, ನಿಘಂಟುಕಾರರ ಯಾವ ಗಣಕ್ಕೂ ಸೇರದ, ಪುರಾಣದ ಯಾವ ದೇವತೆಗೂ ಪ್ರಿಯವೆನಿಸದ ಗಿಡವೊಂದು ನಮ್ಮ ಹೊಲದ ಬದುವಿನಲ್ಲಿ ಬಂದು ನಿಂತು, ತಲೆಮಾರುಗಳ ಕಾಲ ನಮ್ಮ ನೆಲದ ಸಾರವನ್ನು ಹೀರಿ, ನಮ್ಮ ಮಕ್ಕಳ ತುಟಿಯನ್ನು ಕೆಂಪಾಗಿಸಿ, ಮಳೆ ಹೋದ ವರ್ಷಗಳಲ್ಲಿ ದನಗಳ ಹೊಟ್ಟೆಗೆ ಒದಗಿ ಬಂದ ಮೇಲೆ, ಅದಕ್ಕೆ ನಮ್ಮ ಧರ್ಮದಲ್ಲಿ ಸ್ಥಾನವೇನು ಎಂಬ ಪ್ರಶ್ನೆ ಹುಟ್ಟುವುದು ಸಹಜವೇ ಸರಿ. ಅದು ಭಕ್ಷ್ಯವೋ ಅಭಕ್ಷ್ಯವೋ, ಔಷಧವೋ ಬರಿಯ ಕಳೆಯೋ, ದೇವರ ಮುಂದೆ ಇಡತಕ್ಕದ್ದೋ ಅಲ್ಲವೋ ಎಂಬುದನ್ನು ಯಾರನ್ನು ಕೇಳಿ ತಿಳಿಯಬೇಕು? ಮೇಲುನೋಟಕ್ಕೆ ಇದು ಮುಳ್ಳಿನ ಗಿಡವೊಂದರ ಮಾತು. ಒಳಹೊಕ್ಕು ನೋಡಿದರೆ ಪ್ರಮಾಣವಿಚಾರ.

ಈ ವಿಚಾರಕ್ಕೆ ಸೂಳಗಿರಿಯಂಥ ಊರು ತಕ್ಕ ನೆಲೆ. ಹೊಸೂರಿನಿಂದ ಕೃಷ್ಣಗಿರಿಗೆ ಇಳಿಯುವ ಹೆದ್ದಾರಿಯ ಮಗ್ಗುಲಲ್ಲಿ ಬೋಳುಬಂಡೆಯ ಶಿಖರಗಳನ್ನೆತ್ತಿ ನಿಂತ ಬೆಟ್ಟ, ಅದರ ತಪ್ಪಲಲ್ಲಿ ಊರು. ೧೭೯೯ರ ವರೆಗೆ ಮೈಸೂರಿನ ಸೀಮೆಯಾಗಿದ್ದು, ಅನಂತರ ಸೇಲಂ ಜಿಲ್ಲೆಗೂ, ೧೯೬೫ರಲ್ಲಿ ಧರ್ಮಪುರಿಗೂ, ೨೦೦೪ರಲ್ಲಿ ಕೃಷ್ಣಗಿರಿಗೂ ಸೇರಿದ ಈ ಪ್ರದೇಶದಲ್ಲಿ ತೆಲುಗು, ಕನ್ನಡ, ತಮಿಳುಗಳು ಒಂದೇ ಸಂತೆಯಲ್ಲಿ ಚೌಕಾಸಿ ಮಾಡುತ್ತವೆ. ನಾನು ಹೇಳಹೊರಟ ಗಿಡಕ್ಕೂ ಹಾಗೆಯೇ ಮೂರು ಹೆಸರು: ಕನ್ನಡದ ಪಾಪಾಸುಕಳ್ಳಿ ಪಕ್ಕದ ಮನೆಯಲ್ಲಿ ನಾಗಜೆಮುಡು, ಅದರಾಚೆಯ ಮನೆಯಲ್ಲಿ ಸಪ್ಪಾತ್ತಿಕಳ್ಳಿ. ಕಳ್ಳಿಯೊಡನೆ ನೆನಪಾಗುವ ಮರುಭೂಮಿಯೆಂಬ ಮಾತು ರಾಗಿ, ಹುರುಳಿ, ಮಾವುಗಳ ಈ ಸೀಮೆಗೆ ಒಪ್ಪತಕ್ಕದ್ದಲ್ಲ. ಆದರೆ ಬಂಡೆಯ ಮೇಲೆ ಬಿದ್ದ ಮಳೆ ನಿಲ್ಲದೆ ಹರಿದುಹೋಗುವುದರಿಂದ, ಕೆಳಗೆ ಕೆರೆ ತುಂಬಿದ ವರ್ಷವೂ ಮೇಲಿನ ಕಲ್ಲು ಮರುಭೂಮಿಯಾಗಿಯೇ ಉಳಿಯುತ್ತದೆ. ಇಂಥ ಬೆಟ್ಟಗುಡ್ಡಗಳ ಸಂದುಗೊಂದಿನಲ್ಲಿ ನೀರನ್ನು ಮೈಯೊಳಗೆ ಬಚ್ಚಿಟ್ಟುಕೊಂಡು ಬದುಕುವ ಗಿಡಗಳ ಒಂದು ಕುಲವೇ ಇದೆ: ನಾಲ್ಕು ಏಣಿನ ಮಂಗರವಳ್ಳಿ, ಲೋಳೆಸರ, ಹಾಲು ಸುರಿಸುವ ಚದುರಗಳ್ಳಿ, ಕುರಿ ಕಾಯುವವರು ಮುರಿದು ಹಸಿಯಾಗಿಯೇ ಅಗಿಯುವ, ರಾಕ್ಸ್‌ಬರ್ಗನು ಕೋರಮಂಡಲದ ಸಸ್ಯಗಳ ತನ್ನ ಗ್ರಂಥದಲ್ಲಿ ನೂರಾರು ವರ್ಷಗಳ ಹಿಂದೆಯೇ ವರ್ಣಿಸಿದ ಕರಲ್ಲುಮ. ಇವುಗಳ ನಡುವೆ ಪಾಪಾಸುಕಳ್ಳಿ ಪರಸ್ಥಳದ್ದು.

ಅದು ಬಂದ ಬಗೆಯೂ ಪುಣ್ಯಕಥೆಯೇನಲ್ಲ. ಅಮೆರಿಕ ಖಂಡದ ಈ ಕಳ್ಳಿಗಳ ಮೇಲೆ ಜೀವಿಸುವ ಒಂದು ಹುಳುವಿನಿಂದ ಕಿರ್ಮಂಜಿ ಬಣ್ಣವನ್ನು ತೆಗೆಯುವ ವಿದ್ಯೆ ಮೆಕ್ಸಿಕೋದವರದು. ಅದರ ವ್ಯಾಪಾರವನ್ನು ಸ್ಪೇನಿನವರು ತಮ್ಮ ಮುಷ್ಟಿಯಲ್ಲಿ ಇಟ್ಟುಕೊಂಡಿದ್ದರು. ಕೆಂಪು ಅಂಗಿಯ ಸೈನ್ಯವನ್ನು ಸಾಕುತ್ತಿದ್ದ ಆಂಗ್ಲರಿಗೆ ಇದು ನುಂಗಲಾರದ ತುತ್ತಾಗಿ, ಹದಿನೆಂಟನೆಯ ಶತಮಾನದ ಕೊನೆಯಲ್ಲಿ ಕಂಪನಿಯ ವೈದ್ಯನಾದ ಜೇಮ್ಸ್ ಆಂಡರ್ಸನ್ ಎಂಬಾತ ಮದರಾಸಿನ ಸೈದಾಪೇಟೆಯಲ್ಲಿ ಕಳ್ಳಿಯದೇ ಒಂದು ತೋಟವನ್ನು ಹಾಕಿಸಿದನು. ೧೭೯೫ರಲ್ಲಿ ನೀಲ್ಸನ್ ಎಂಬ ಕ್ಯಾಪ್ಟನನು ಬ್ರೆಜಿಲಿನಿಂದ ಕಲ್ಕತ್ತೆಗೆ ಹುಳುವನ್ನು ತಂದನು. ತಂದುದು ಒಳ್ಳೆಯ ಜಾತಿಯ ಹುಳುವಲ್ಲವೆಂದು ಆಮೇಲೆ ತಿಳಿಯಿತು. ಬಣ್ಣದ ವ್ಯಾಪಾರ ಬಿದ್ದುಹೋಯಿತು, ಕಳ್ಳಿ ಉಳಿಯಿತು. ಬೇಲಿಗೆಂದು ರೈತರೂ ಕಾವಲಿಗೆಂದು ಪಾಳೆಯಗಾರರೂ ನೆಟ್ಟುಕೊಂಡ ಅನೇಕ ಜಾತಿಯ ಮುಳ್ಳುಗಳ ಜೊತೆಗೆ ಅದೂ ಬೆಳೆದು, ಕೊನೆಗೆ ಯಾರೂ ನೆಡಬೇಕಾದ ಅಗತ್ಯವೇ ಇಲ್ಲದಂತೆ ನಾಡನ್ನು ತುಂಬಿತು.

ಇಂಥ ಆಗಂತುಕನಿಗೆ ಶಾಸ್ತ್ರಪ್ರಮಾಣವನ್ನು ಎಲ್ಲಿಂದ ತರುವುದು? ಈಚೆಗೆ ಕೆಲವರು ಅದಕ್ಕೆ ನಾಗಫಣೀ ಎಂದು ಸಂಸ್ಕೃತದ ಹೆಸರಿಟ್ಟು, ಪ್ರಾಚೀನರಿಗೂ ಇದು ತಿಳಿದಿದ್ದಿತೆಂಬ ಭ್ರಮೆಯನ್ನು ಹುಟ್ಟಿಸುತ್ತಿದ್ದಾರೆ. ಕಾವಿ ಉಡಿಸಿದ ಮಾತ್ರಕ್ಕೆ ಸಂನ್ಯಾಸ ಬಂದೀತೆ? ಈ ಕಪಟ ಅನಾವಶ್ಯಕವೂ ಹೌದು. ಏಕೆಂದರೆ, ಪ್ರಾಚೀನರು ತಮಗೆ ತಿಳಿಯದುದರ ವಿಷಯದಲ್ಲಿಯೂ ಒಂದು ಮಾತನ್ನು ಹೇಳಿಯೇ ಹೋಗಿದ್ದಾರೆ.

ಚರಕಸಂಹಿತೆಯ ಸೂತ್ರಸ್ಥಾನದಲ್ಲಿ ಅನ್ನಪಾನವಿಧಿಯೆಂಬ ಇಪ್ಪತ್ತೇಳನೆಯ ಅಧ್ಯಾಯವಿದೆ. ಧಾನ್ಯ, ಮಾಂಸ, ಶಾಕ, ಫಲ, ಜಲ, ಕ್ಷೀರಗಳ ಗುಣಗಳನ್ನು ಒಂದೊಂದಾಗಿ ಎಣಿಸಿಕೊಂಡು ಬಂದ ಗ್ರಂಥಕಾರನು ಕೊನೆಯಲ್ಲಿ ತಡೆದು, ಇದುವರೆಗೆ ಹೇಳಿದುದು ಅನ್ನಪಾನದ ಒಂದು ಅಂಶವಷ್ಟೇ ಎಂದೂ, ಲೋಕದ ದ್ರವ್ಯಗಳೆಲ್ಲವನ್ನೂ ಹೆಸರಿಟ್ಟು ಮುಗಿಸುವುದು ಶಕ್ಯವಲ್ಲವೆಂದೂ ಒಪ್ಪಿಕೊಂಡು, ಇಲ್ಲಿ ಹೇಳದೆ ಉಳಿದುದನ್ನು ಆಯಾ ದೇಶದ ಜನರ ಮಾತಿನಂತೆ ತಿಳಿಯಬೇಕೆಂದು ಅಪ್ಪಣೆ ಕೊಡುತ್ತಾನೆ. ಶಾಸ್ತ್ರವೇ ತನ್ನ ಮೇರೆಯನ್ನು ತೋರಿಸಿ, ಆ ಮೇರೆಯಾಚೆಯ ಅಧಿಕಾರವನ್ನು ದೇಶಜರ ಕೈಗೆ ಒಪ್ಪಿಸಿದ ಇಂಥ ಸಂದರ್ಭ ನಮ್ಮ ವಾಙ್ಮಯದಲ್ಲಿ ಹೆಚ್ಚಾಗಿ ಕಾಣಸಿಗದು. ಅದೇ ಸಂಹಿತೆಯ ಮೊದಲನೆಯ ಅಧ್ಯಾಯದಲ್ಲಿ, ಆಡು ಕಾಯುವವರು, ಕುರಿ ಕಾಯುವವರು, ಗೋವಳರು, ವನವಾಸಿಗಳು ಗಿಡಮೂಲಿಕೆಗಳ ನಾಮರೂಪಗಳನ್ನು ಬಲ್ಲರೆಂದು ಹೇಳಿ, ಆದರೆ ನಾಮರೂಪಜ್ಞಾನ ಮಾತ್ರದಿಂದ ಯೋಗಜ್ಞಾನ, ಎಂದರೆ ಪ್ರಯೋಗದ ಅರಿವು, ಬಾರದೆಂದು ಎಚ್ಚರಿಸಿದೆ. ಈ ಎರಡು ಮಾತುಗಳನ್ನು ಎದುರುಬದುರು ಇಟ್ಟವರು ವಿರೋಧವನ್ನು ಕಾಣಬಹುದು: ಮೊದಲು ಕುರುಬನ ಅರಿವನ್ನು ಅರೆಯೆಂದವನು ಕೊನೆಗೆ ಅವನನ್ನೇ ಕೇಳು ಎನ್ನುವನಲ್ಲ! ನನಗೆ ವಿರೋಧ ಕಾಣುವುದಿಲ್ಲ. ದೇಶಜರ ಮಾತೆಂಬುದು ಗಿಡದ ಗುರುತಷ್ಟೇ ಅಲ್ಲ. ಒಂದು ಸೀಮೆಯ ಜನ ತಲೆಮಾರುಗಳಿಂದ ತಿಂದು, ತಪ್ಪಿ, ತಿದ್ದಿಕೊಂಡು ಕಟ್ಟಿದ ವ್ಯವಹಾರ. ಕಳ್ಳಿಯ ವಿಷಯದಲ್ಲಿ ಆ ವ್ಯವಹಾರ ಎಷ್ಟು ಸೂಕ್ಷ್ಮವಾದುದೆಂಬುದನ್ನು ಅದರ ಹಣ್ಣನ್ನು ಬಿಡಿಸುವ ಕ್ರಮದಲ್ಲಿಯೇ ನೋಡಬಹುದು.

ಪಾಪಾಸುಕಳ್ಳಿಯ ಕಣ್ಣಿಗೆ ಕಾಣುವ ಉದ್ದ ಮುಳ್ಳು ಅಪಾಯವಲ್ಲ. ಅದರ ಬುಡದಲ್ಲಿ ಧೂಳಿನಂತೆ ಮೆತ್ತಿಕೊಂಡ ಸೂಕ್ಷ್ಮವಾದ ಕೂರಲುಗಳೇ ಅಪಾಯ. ಮುಟ್ಟಿದ ಕೈಯಲ್ಲಿ ಅವು ನೂರಾಗಿ ಇಳಿದು, ಕೀಳಹೋದರೆ ಮುರಿದು ಒಳಗೆ ಉಳಿಯುತ್ತವೆ. ಆದುದರಿಂದ ಬಲ್ಲವರು ಹಣ್ಣನ್ನು ಕವೆಗೋಲಿನಿಂದ ಕೆಡವಿ, ಮರಳಿನಲ್ಲಿ ಕಾಲಡಿಯ ಚಪ್ಪಲಿಯಿಂದಲೋ ಸೊಪ್ಪಿನ ಹಿಡಿಯಿಂದಲೋ ಉರುಳಿಸಿ ಉಜ್ಜಿ, ಇಲ್ಲವೇ ಕೆಂಡದ ಮೇಲೆ ಹೊರಳಿಸಿ ಕೂರಲುಗಳನ್ನು ಸುಟ್ಟು, ತಲೆಯ ಕಡೆಯ ಮುಳ್ಳಿನ ಗುಂಪನ್ನು ಕೊಯ್ದು ಬಿಸುಟು, ಆಮೇಲೆ ಸೀಳಿ ತಿರುಳನ್ನು ತೆಗೆಯುತ್ತಾರೆ. ರಕ್ತವರ್ಣದ ಆ ರಸ ಬೀಟ್‌ರೂಟಿನ ಬಣ್ಣದ ಬಳಗದ್ದು. ತಿಂದ ಮರುದಿನ ಮೂತ್ರದಲ್ಲಿ ಕೆಂಪು ಕಂಡು ಗಾಬರಿಯಾಗಬೇಕಾದುದಿಲ್ಲ. ಬೀಜಗಳು ಮಾತ್ರ ಕಲ್ಲು. ರುಚಿಗೆ ಮರುಳಾಗಿ ಬುಟ್ಟಿಗಟ್ಟಲೆ ನುಂಗಿದವರಿಗೆ ಕರುಳು ಕಟ್ಟಿ ಪ್ರಾಣಸಂಕಟ ಬಂದುದುಂಟು. ಹಣ್ಣನ್ನು ಸುಟ್ಟು ನಾಯಿಕೆಮ್ಮಿಗೆ ಕೊಡುವ, ಅದರ ಪಾನಕವನ್ನು ದಮ್ಮಿನ ಕೆಮ್ಮಿಗೆ ಕುಡಿಸುವ, ಎಲೆಯಂತಿರುವ ದಪ್ಪ ಕಾಂಡವನ್ನು ಸೀಳಿ ಬಿಸಿಮಾಡಿ ಕುರುವಿಗೆ ಕಟ್ಟುವ ದಕ್ಷಿಣಾಪಥದ ಪದ್ಧತಿಗಳು ಹತ್ತೊಂಬತ್ತನೆಯ ಶತಮಾನದ ಅಂತ್ಯದ ವೈದ್ಯಸಸ್ಯ ಗ್ರಂಥಗಳಲ್ಲಿಯೇ ದಾಖಲಾಗಿವೆ. ಅದಕ್ಕೂ ನೂರು ವರ್ಷ ಹಿಂದೆ ಹೆಸರೇ ಇಲ್ಲದಿದ್ದ ಗಿಡಕ್ಕೆ ಅಷ್ಟರೊಳಗೆ ಚಿಕಿತ್ಸೆಯ ಕ್ರಮವೊಂದು ಸಿದ್ಧವಾಗಿತ್ತೆಂದರೆ, ದೇಶಜರ ಮಾತು ಎಷ್ಟು ಬೇಗ ಹುಟ್ಟಬಲ್ಲುದೆಂಬುದು ಗೊತ್ತಾಗುತ್ತದೆ. ಇಂದು ಮಧುಮೇಹಕ್ಕೆ ಇದೇ ರಾಮಬಾಣವೆಂದು ಪುಡಿ ಮಾಡಿ ಮಾರುವವರ ಮಾತು ಬೇರೆ. ಕಾಂಡದ ಲೋಳೆ ಊಟದ ಸಕ್ಕರೆ ರಕ್ತಕ್ಕೆ ಏರುವುದನ್ನು ಕೊಂಚ ನಿಧಾನಿಸುವುದೆಂದು ಮೆಕ್ಸಿಕೋದ ಕೆಲವು ಸಣ್ಣ ಪರೀಕ್ಷೆಗಳು ತೋರಿಸಿವೆ. ಅದನ್ನು ನಂಬಿ ವೈದ್ಯರು ಕೊಟ್ಟ ಮದ್ದನ್ನು ಬಿಡುವುದು ಅವಿವೇಕ.

ಹಾಲು ಬರುವ ಕಳ್ಳಿಯ ಜಾತಿಯೇ ಬೇರೆ. ಚದುರಗಳ್ಳಿ, ಎಲೆಗಳ್ಳಿಗಳ ಹಾಲು ಕಣ್ಣಿಗೆ ಸಿಡಿದರೆ ದೃಷ್ಟಿಗೆ ಅಪಾಯ. ಇವುಗಳಲ್ಲಿ ಸ್ನುಹಿಯೆಂದು ಪ್ರಸಿದ್ಧವಾದ ಎಲೆಗಳ್ಳಿಯನ್ನು ಚರಕನು ತೀಕ್ಷ್ಣವಿರೇಚನಗಳಲ್ಲಿ ಅಗ್ರಗಣ್ಯವೆಂದು ಹೇಳಿ, ಅದಕ್ಕೆಂದೇ ಕಲ್ಪಸ್ಥಾನದಲ್ಲಿ ಒಂದು ಅಧ್ಯಾಯವನ್ನು ಮೀಸಲಿಟ್ಟು, ಅವಿವೇಕಿಯ ಕೈಯಲ್ಲಿ ಅದು ವಿಷವಾಗುವುದನ್ನೂ ಮರೆಯದೆ ನುಡಿದಿದ್ದಾನೆ. ಅದೇ ಹಾಲನ್ನು ನೂಲಿಗೆ ಸವರಿ ಒಣಗಿಸಿ, ಉತ್ತರಾಣಿಯ ಕ್ಷಾರವನ್ನೂ ಅರಿಶಿನವನ್ನೂ ಕೂಡಿಸಿ ಒಟ್ಟು ಇಪ್ಪತ್ತೊಂದು ಲೇಪಗಳನ್ನಿತ್ತು ಸಿದ್ಧಪಡಿಸಿದ ಕ್ಷಾರಸೂತ್ರದಿಂದ ಭಗಂದರದ ವ್ರಣಗಳನ್ನು ವೈದ್ಯರು ಇಂದಿಗೂ ಗುಣಪಡಿಸುತ್ತಾರೆ. ಬಂಗಾಳದಲ್ಲಿ ಇದರ ಬುಡದಲ್ಲಿಯೇ ಮನಸಾದೇವಿಗೆ ಪೂಜೆ. ಶಾಸ್ತ್ರವುಳ್ಳ ಕಳ್ಳಿ ಕೊಲ್ಲಬಲ್ಲುದು, ಶಾಸ್ತ್ರವಿಲ್ಲದ ಕಳ್ಳಿ ಹಣ್ಣು ಕೊಡುತ್ತದೆ. ಹೆಸರಿನ ಪ್ರಾಚೀನತೆಗೂ ವಸ್ತುವಿನ ಸೌಮ್ಯತೆಗೂ ಸಂಬಂಧವೇನೂ ಇಲ್ಲ.

ಈ ಗಿಡಗಳ ಶ್ವಾಸಕ್ರಮದ ವಿಷಯವನ್ನು ಇಲ್ಲಿ ಬಿಟ್ಟು ಮುಂದುವರಿಯಲಾರೆ. ಟಿಪ್ಪುವಿನ ಪತನಾನಂತರ ಬೆಂಗಳೂರಿನ ಲಾಲ್‌ಬಾಗಿನ ಮೇಲ್ವಿಚಾರಣೆಯನ್ನು ಕೆಲಕಾಲ ವಹಿಸಿಕೊಂಡಿದ್ದ ಬೆಂಜಮಿನ್ ಹೈನ್ ಎಂಬ ಸಸ್ಯಜ್ಞನು, ನಾವು ಕಾಡುಬಸಳೆಯೆನ್ನುವ ಗಿಡದ ಎಲೆಯನ್ನು ಬೆಳಗ್ಗೆ ಅಗಿದಾಗ ಹುಳಿಯಾಗಿಯೂ, ಮಧ್ಯಾಹ್ನ ಸಪ್ಪೆಯಾಗಿಯೂ, ಸಂಜೆ ಕೊಂಚ ಕಹಿಯಾಗಿಯೂ ಇರುವುದನ್ನು ನಾಲಗೆಯಿಂದಲೇ ಕಂಡುಹಿಡಿದು ಬರೆದುದು ೧೮೧೫ರಲ್ಲಿ ಲಂಡನ್ನಿನ ಲಿನ್ನೇಯನ್ ಸಂಘದ ಗ್ರಂಥಮಾಲೆಯಲ್ಲಿ ಅಚ್ಚಾಯಿತು. ಇದರ ಕಾರಣ ಶತಮಾನವೊಂದು ಕಳೆದ ಮೇಲೆ ಸ್ಪಷ್ಟವಾದುದು: ಕಳ್ಳಿಯೇ ಮೊದಲಾದ ಈ ಗಿಡಗಳು ಬಿಸಿಲಿನಲ್ಲಿ ನೀರು ಆರಿಹೋಗದಂತೆ ಹಗಲೆಲ್ಲ ಮೈಯ ರಂಧ್ರಗಳನ್ನು ಮುಚ್ಚಿಕೊಂಡಿದ್ದು, ಲೋಕ ಮಲಗಿದ ಮೇಲೆ ತೆರೆದು, ಗಾಳಿಯಲ್ಲಿನ ಅಂಗಾರಾಮ್ಲವನ್ನು ಸೆಳೆದು ಹುಳಿಯಾಗಿ ಕೂಡಿಟ್ಟು, ಬೆಳಗಾದ ಮೇಲೆ ಮುಚ್ಚಿದ ಮನೆಯೊಳಗೇ ಅದನ್ನು ಅನ್ನವಾಗಿ ಮಾರ್ಪಡಿಸಿಕೊಳ್ಳುತ್ತವೆ. ಎಲ್ಲರ ಇರುಳಿನಲ್ಲಿ ಎಚ್ಚರವಾಗಿರುವ, ಗೀತೆಯ ಎರಡನೆಯ ಅಧ್ಯಾಯದ ಸಂಯಮಿಯನ್ನು ಬಲ್ಲವರಿಗೆ ಈ ವರ್ತನೆ ಹೊಸದೆನಿಸದು. ಅಡುಗೆಯವರಿಗೂ ಇದರಲ್ಲಿ ಪಾಠವುಂಟು. ಮೆಕ್ಸಿಕೋದ ಹೆಂಗಸರು ಕಳ್ಳಿಯ ಎಳೆಯ ಕಾಂಡವನ್ನು ಪಲ್ಯಕ್ಕೆ ಕೊಯ್ಯುವಾಗ ಹೊತ್ತು ಏರುವ ತನಕ ಕಾಯುವುದು ಈ ಹುಳಿ ಇಳಿಯಲೆಂದೇ.

ಆದರೆ ಕೊಯ್ಯುವುದರಲ್ಲಿಯೇ ಒಂದು ಆಕ್ಷೇಪಣೆಯಿದೆ; ಅದೂ ನಮ್ಮ ನಾಡಿನದೇ. ಶ್ರವಣಬೆಳಗೊಳದಲ್ಲಿ ಗೊಮ್ಮಟನನ್ನು ನಿಲ್ಲಿಸಿದ ಚಾವುಂಡರಾಯನಿಗೆ ಗುರುಸಮಾನನಾದ ನೇಮಿಚಂದ್ರ ಸಿದ್ಧಾಂತಚಕ್ರವರ್ತಿ ತನ್ನ ಗೊಮ್ಮಟಸಾರದಲ್ಲಿ ಅನಂತಜೀವಗಳು ಒಂದೇ ಶರೀರವನ್ನು ಹಂಚಿಕೊಂಡಿರುವ ಸಾಧಾರಣ ವನಸ್ಪತಿಯ ಲಕ್ಷಣಗಳನ್ನು ಎಣಿಸುವಾಗ, ನರಗಂಟುಗಳು ಕಾಣದಂತಿರುವುದು, ಮುರಿದರೆ ಸಮನಾಗಿ ಮುರಿಯುವುದು ಎಂಬುವುಗಳೊಡನೆ, ಕತ್ತರಿಸಿದರೂ ಮತ್ತೆ ಮೊಳೆಯುವುದನ್ನು ಹೇಳಿದ್ದಾನೆ. ಜೈನ ಶ್ರಾವಕರು ವರ್ಜಿಸುವ ಅನಂತಕಾಯಗಳ ಪಟ್ಟಿಗಳಲ್ಲಿ ಲೋಳೆಸರವೂ ಹಾಲುಗಳ್ಳಿಯೂ ಸೇರಿರುವುದು ಈ ನ್ಯಾಯದಿಂದ. ಪಾಪಾಸುಕಳ್ಳಿಯನ್ನು ಆಚಾರ್ಯನು ಕಂಡವನಲ್ಲ. ಕಂಡಿದ್ದರೆ ಇದಕ್ಕಿಂತ ಒಳ್ಳೆಯ ಉದಾಹರಣೆ ಬೇರೆ ಬೇಕೆನ್ನುತ್ತಿರಲಿಲ್ಲ. ಬಿದ್ದ ತುಂಡು ಬೇರು ಬಿಡುತ್ತದೆ. ಕಡಿದು ಬಿಸುಟರೆ ಒಂದಿದ್ದುದು ಹತ್ತಾಗುತ್ತದೆ. ಜೈನಮುನಿಗೆ ಕೈ ತಡೆಯಲು ಕಾರಣವಾದ ಈ ಗುಣವೇ ರೈತನಿಗೆ ಕೈ ಸೋಲಲು ಕಾರಣವಾಯಿತು. ಹೊಲ, ಗೋಮಾಳ, ದೇವಸ್ಥಾನದ ಪೌಳಿ, ಕೆರೆಯ ಏರಿ ಎಲ್ಲವೂ ಕಳ್ಳಿಯ ಪಾಲಾಗಿ, ಹಾವುಹಂದಿಗಳು ಅದರಲ್ಲಿ ನೆಲೆಸಿ, ಕಡಿದವರಿಗೆ ಕೂಲಿ ಕೊಟ್ಟು ಸರ್ಕಾರಗಳು ಬೇಸತ್ತವು.

ಕೊನೆಗೆ ೧೯೨೬ರಲ್ಲಿ, ಸಿಂಹಳದಲ್ಲಿ ಈ ಜಾತಿಯ ಕಳ್ಳಿಯನ್ನು ಅಳಿಸಿದ್ದ ಇನ್ನೊಂದು ಬಗೆಯ ಬಣ್ಣದ ಹುಳುವನ್ನು ಮದರಾಸು ಪ್ರಾಂತಕ್ಕೆ ತಂದು ಬಿಟ್ಟರು. ಬಿಳಿಯ ಅರಳೆಯಂಥ ಹೊದಿಕೆಯೊಳಗೆ ಕುಳಿತು ರಸ ಹೀರುವ ಆ ಕೀಟ ಐದಾರು ವರ್ಷದೊಳಗೆ ಸುಮಾರು ಒಂದು ಲಕ್ಷ ಎಕರೆಯ ಕಳ್ಳಿಯನ್ನು ಕೊಳೆಯಿಸಿ ಮಲಗಿಸಿತು. ಯಾವ ಹುಳುವನ್ನು ಸಾಕಲೆಂದು ಇಂಥ ಗಿಡಗಳಿಗೆ ತೋಟ ಹಾಕಿದರೋ ಅದರ ದಾಯಾದಿಯೇ ಗಿಡವನ್ನು ತಿಂದುಹಾಕಿತೆಂಬಲ್ಲಿ ಕರ್ಮಸಿದ್ಧಾಂತದ ಕಡೆಗೆ ಕೈ ತೋರಿಸುವವರಿದ್ದಾರೆ; ಅಷ್ಟು ಸುಲಭವಾಗಿ ಕರ್ಮವನ್ನು ಎಳೆದು ತರುವುದು ನನಗೆ ಹಿಡಿಸದು. ರೈತನಿಗೆ ಹೊಲ ಮರಳಿ ಬಂದುದು ಒಳ್ಳೆಯದೇ ಆಯಿತು. ಜೈನಾಚಾರ್ಯನ ಆಕ್ಷೇಪಣೆ ಅದರಿಂದ ಪರಿಹಾರವಾಯಿತೆಂದು ಮಾತ್ರ ಹೇಳಲಾರೆ. ಕೊಲೆಯನ್ನು ಕೀಟದ ಕೈಯಲ್ಲಿ ಮಾಡಿಸಿದ ಮಾತ್ರಕ್ಕೆ ಕರ್ತೃತ್ವ ತಪ್ಪುವುದೆಂದು ಆತನ ಮತ ಒಪ್ಪುವುದಿಲ್ಲ. ಮಾಡುವುದು, ಮಾಡಿಸುವುದು, ಅನುಮೋದಿಸುವುದು ಮೂರೂ ಅಲ್ಲಿ ಒಂದೇ ತೂಕ.

ದೇಶದ ಗಿಡ, ಪರದೇಶದ ಗಿಡ ಎಂಬ ಭೇದವನ್ನು ನಿಷ್ಠೆಯಿಂದ ಪಾಲಿಸುವ ಒಂದು ಅಡುಗೆಮನೆ ನಮ್ಮಲ್ಲಿದೆ: ಶ್ರಾದ್ಧದ ಅಡುಗೆಮನೆ. ಮೆಣಸಿನಕಾಯಿಗೆ ಅಲ್ಲಿ ಪ್ರವೇಶವಿಲ್ಲ, ಆಲೂಗಡ್ಡೆ ಟೊಮೆಟೋಗಳಿಗಿಲ್ಲ, ಕಾಳುಮೆಣಸಿನಿಂದಲೇ ಖಾರ. ಅಲ್ಲಿ ಮಂಗರವಳ್ಳಿಗೆ ಸಲ್ಲುವ ಗೌರವ ದೊಡ್ಡದು. ತಮಿಳು ವೈದಿಕರು ಹೇಳುವ ಕಥೆಯಲ್ಲಿ, ತಮ್ಮ ಮನೆಯ ಶ್ರಾದ್ಧಕ್ಕೆ ಕರೆದ ವಿಶ್ವಾಮಿತ್ರನಿಗೆ ವಸಿಷ್ಠರ ಮನೆಯವರು ಸಾವಿರದೆಂಟು ಶಾಕಗಳನ್ನು ಬಡಿಸಬೇಕಾಗಿ ಬಂದಾಗ, ಹಾಗಲವನ್ನು ನೂರಕ್ಕೂ, ಮಂಗರವಳ್ಳಿಯನ್ನು ಮುನ್ನೂರಕ್ಕೂ, ಹಲಸನ್ನು ಆರು ನೂರಕ್ಕೂ ಸಮವೆಂದು ಎಣಿಸಿ, ಮಿಕ್ಕ ಎಂಟನ್ನು ಬೇರೆಯಾಗಿ ಬಡಿಸಿದರಂತೆ. ಬಂಡೆಯ ಮೇಲಿನ ಬಳ್ಳಿಗೆ ಮುನ್ನೂರು ತರಕಾರಿಗಳ ಬೆಲೆ! ಅದನ್ನು ಬೇಯಿಸುವುದೂ ಸುಲಭವಲ್ಲ. ಎಳೆಯ ಕುಡಿಗಳನ್ನೇ ಆಯ್ದು, ಕೈಗೆ ಎಣ್ಣೆ ಸವರಿಕೊಂಡು, ಏಣುಗಳ ನಾರನ್ನು ಎಳೆದು, ಗೆಣ್ಣುಗಳನ್ನು ಬಿಟ್ಟು ಹೆಚ್ಚಿ, ಎಳ್ಳೆಣ್ಣೆಯಲ್ಲಿ ಬಣ್ಣ ಬದಲಾಗುವ ವರೆಗೆ ಹುರಿದು, ಉದ್ದಿನಬೇಳೆ, ಹುಣಿಸೆ, ತೆಂಗಿನಕಾಯಿಗಳೊಡನೆ ಅರೆಯಬೇಕು. ಇಲ್ಲವಾದರೆ ಅದರೊಳಗಿನ ಆಕ್ಸಲೇಟಿನ ಸೂಜಿಹರಳುಗಳು ಗಂಟಲನ್ನು ತುರಿಸಿ ಉಂಡವನನ್ನು ಪಿತೃಗಳಿಗಿಂತ ಮೊದಲು ತೃಪ್ತಿಪಡಿಸಿಬಿಡುತ್ತವೆ. ಮುರಿದ ಮೂಳೆ ಕೂಡಲು ಇದನ್ನು ಅರೆದು ಕಟ್ಟುವುದರಿಂದ ಅಸ್ಥಿಶೃಂಖಲೆಯೆಂಬ ಹೆಸರೂ ಉಂಟು. ಲೋಳೆಸರಕ್ಕೂ ಇಂಥದೇ ಸಂಸ್ಕಾರ: ಕೊಯ್ದ ಎಲೆಯನ್ನು ನಿಲ್ಲಿಸಿ ಹಳದಿಯ ಕಹಿರಸವನ್ನು ಸೋರಬಿಟ್ಟು, ತಿರುಳನ್ನು ಹಲವು ನೀರಿನಲ್ಲಿ ತೊಳೆದ ಮೇಲೆಯೇ ಮಜ್ಜಿಗೆಗೋ ಬೆಲ್ಲಕ್ಕೋ ಸೇರಿಸುವುದು, ಬಸಿದ ಆ ರಸ ಒಣಗಿದರೆ ಅಂಗಡಿಯ ಮುಸಬ್ಬರ, ಉಗ್ರವಾದ ಭೇದಿಮದ್ದು.

ಪವಿತ್ರವೆಂಬುದು ಆಹಾರವಾಗಬಾರದೆಂಬ ನಿಯಮವೇನೂ ಇಲ್ಲ. ವಿಜಯದಶಮಿಯಂದು ಬಂಗಾರವೆಂದು ನಾವು ಎಲೆ ಹಂಚುವ ಬನ್ನಿಯ ಮರದ ಎಳೆಗಾಯಿಯೇ ಮಾರವಾಡದವರ ಸಾಂಗ್ರಿ, ಅವರ ಮದುವೆಮನೆಯ ಪಲ್ಯ. ಆ ಮರಕ್ಕಾಗಿಯೇ ೧೭೩೦ರಲ್ಲಿ ಜೋಧಪುರದ ಬಳಿಯ ಖೇಜಡ್ಲಿಯಲ್ಲಿ ೩೬೩ ಮಂದಿ ಬಿಷ್ಣೋಯಿಗಳು ರಾಜಭಟರ ಕೊಡಲಿಗೆ ಕತ್ತು ಕೊಟ್ಟರು. ಪೂಜಿಸಿ ತಿನ್ನದ ನಾವು, ತಿಂದು ಪ್ರಾಣ ಕೊಟ್ಟ ಅವರು. ಯಾರ ಭಕ್ತಿ ಹೆಚ್ಚಿನದೆಂದು ಕೇಳಿದರೆ ಉತ್ತರ ಕೊಡಲು ನನಗೆ ತುಸು ಸಂಕೋಚ.

ಬರದಲ್ಲಿ ತಿಂದುದು ಸುಭಿಕ್ಷದಲ್ಲಿ ಹೀನವಾಗುವುದೆ ಎಂಬುದಕ್ಕೆ ಛಾಂದೋಗ್ಯದ ಉಷಸ್ತಿ ಚಾಕ್ರಾಯಣನ ಕಥೆ ನೆನಪಾಗುತ್ತದೆ. ಕುರುದೇಶದ ಬೆಳೆ ಹಾಳಾಗಿ ಹಸಿದ ಆ ಪಂಡಿತನು ಮಾವುತರ ಊರಿನಲ್ಲಿ ಒಬ್ಬನು ತಿನ್ನುತ್ತಿದ್ದ ಎಂಜಲು ಕಾಳನ್ನು ಬೇಡಿ ತಿಂದನು. ಆತನೇ ನೀರನ್ನೂ ಕೊಡಬಂದಾಗ, ಎಂಜಲು ಬೇಡವೆಂದನು. ಕಾಳು ಎಂಜಲಲ್ಲವೇ ಎಂದರೆ, ಅದಿಲ್ಲದೆ ಬದುಕುತ್ತಿರಲಿಲ್ಲ, ನೀರು ಬೇಕಾದಲ್ಲಿ ಸಿಗುತ್ತದೆ ಎಂದು ಆತನ ಉತ್ತರ. ಆಪದ್ಧರ್ಮದ ಎಲ್ಲೆಯನ್ನು ಕೂದಲೆಳೆಯಷ್ಟು ಸೂಕ್ಷ್ಮವಾಗಿ ಎಳೆದವರು ಕಡಿಮೆ. ಈ ಎಲ್ಲೆಯನ್ನು ಕಳ್ಳಿಗೆ ಹಚ್ಚಿದರೆ ನನಗೆ ಹೊಳೆಯುವ ತೀರ್ಮಾನ ಇಂತಿದೆ: ಮೇವಿಲ್ಲದ ವರ್ಷ ಮುಳ್ಳು ಸುಟ್ಟು ಕಾಂಡವನ್ನು ದನಕ್ಕೆ ಹಾಕುವುದೂ, ಕುರುವಿಗೆ ಒಂದು ಹೋಳನ್ನು ಕಟ್ಟುವುದೂ ಉಷಸ್ತಿಯ ಕಾಳು, ಸಂತೆಯ ತರಕಾರಿ ತುಂಬಿದ ಮನೆಯಲ್ಲಿ ನೂತನ ರುಚಿಗೆಂದು ಗಿಡವನ್ನೇ ಬೋಳಿಸುವುದು ಉಷಸ್ತಿ ಬಿಟ್ಟ ನೀರು. ಹಣ್ಣಿನ ಮಾತು ಬೇರೆ. ಅದು ಹಕ್ಕಿಗೆಂದೂ ಹಾದಿಹೋಕನಿಗೆಂದೂ ಗಿಡವೇ ಹೊರಗೆ ಹಿಡಿದುದು. ತಿಂದವನು ಬೀಜವನ್ನು ದೂರಕ್ಕೆ ಒಯ್ದರೆ ಗಿಡದ ಕೆಲಸವೂ ನಡೆಯಿತು, ನೇಮಿಚಂದ್ರನ ಆಕ್ಷೇಪಣೆಯೂ ಅಷ್ಟರಮಟ್ಟಿಗೆ ಸಡಿಲವಾಯಿತು.

ಇನ್ನು ಉಳಿದುದು ನೈವೇದ್ಯದ ಪ್ರಶ್ನೆ. ಮುಳ್ಳು ತೆಗೆದು ತೊಳೆದ ಕಳ್ಳಿಯ ಹಣ್ಣನ್ನು ತಟ್ಟೆಯಲ್ಲಿಟ್ಟು ತಂದರೆ, ಯಾವ ಆಗಮದಲ್ಲಿ ಹೇಳಿದೆ ಎಂದು ಅರ್ಚಕರು ಕೇಳಬಹುದು. ಕೇಳುವುದು ಅವರ ಅಧಿಕಾರ. ಆದರೆ ಅವರೇ ಪೆರುಮಾಳರ ಸಿಹಿಪೊಂಗಲಿಗೆ ತುಪ್ಪದಲ್ಲಿ ಹುರಿದು ಹಾಕುವ ಗೋಡಂಬಿ ಪೋರ್ಚುಗೀಸರ ಹಡಗಿನಲ್ಲಿ ಬ್ರೆಜಿಲಿನಿಂದ ಬಂದುದು. ಸೀತಾಫಲವೂ ಸೀಬೆಯೂ ಅದೇ ಖಂಡದವು, ಮೊದಲನೆಯದಕ್ಕೆ ಜಾನಕಿಯ ಹೆಸರೇ ಸಂದಿದೆ. ಅವುಗಳನ್ನು ಒಳಗೆ ಬಿಡುವಾಗ ಯಾವ ಆಗಮವನ್ನೂ ಬಿಚ್ಚಿ ನೋಡಿದಂತೆ ತೋರುವುದಿಲ್ಲ. ಅಂದು ಯಾರ ಮಾತನ್ನು ಕೇಳಿ ಬಾಗಿಲು ತೆರೆದರೋ, ಕಳ್ಳಿಯ ಹಣ್ಣಿನ ವಿಷಯದಲ್ಲಿಯೂ ಅವರನ್ನೇ ಕೇಳಿದರಾಯಿತು. ಅವರು ಇನ್ನೂ ಬೆಟ್ಟದ ತಪ್ಪಲಲ್ಲಿ ಆಡು ಕಾಯುತ್ತಿದ್ದಾರೆ.